ನದಿಗೂ ಒಂದು ಪಾಲು

ನೀರಿಲ್ಲದೆ ಜೀವವಿಲ್ಲವೆಂಬುದು ಎಳೆಯ ಮಕ್ಕಳೂ ಬಲ್ಲ ಮಾತು. ಆದರೆ ಬಲ್ಲ ಮಾತನ್ನು ಬಾಳಿನಲ್ಲಿ ಅಳವಡಿಸಿಕೊಳ್ಳುವುದು ಸುಲಭವಲ್ಲ. ಬೆಳಗಾಗುತ್ತಲೆ ನಲ್ಲಿಯನ್ನು ತಿರುಗಿಸಿ ಪಾತ್ರೆ ತುಂಬಿಕೊಳ್ಳುವ ಮುಂಬಯಿವಾಸಿಗಳಾದ ನಮಗೆ ಈ ನೀರು ಎಲ್ಲಿಂದ ಬಂದಿತು, ಯಾರ ಪಾಲಿನಿಂದ ಬಂದಿತು ಎಂಬ ಪ್ರಶ್ನೆ ಹೊಳೆಯುವುದೇ ಅಪರೂಪ. ಆದರೆ ನಮ್ಮ ನಾಡಿನ ಕೆಲವು ಸೀಮೆಗಳಲ್ಲಿ ಇದೇ ಪ್ರಶ್ನೆ ಹುಟ್ಟಿನಿಂದ ಸಾವಿನವರೆಗೆ ಮನುಷ್ಯನ ಬೆನ್ನು ಬಿಡದೆ ಬರುತ್ತದೆ. ಅಂತಹ ಒಂದು ಸೀಮೆಯ ನೀರಿನ ಕಥೆಯನ್ನೂ, ಅಲ್ಲಿಯ ನದಿಗಳ ಸ್ಥಿತಿಗತಿಗಳನ್ನೂ ಇಲ್ಲಿ ವಿಚಾರಿಸೋಣ.

ಮೊದಲು ಒಂದು ಲೆಕ್ಕ. ೨೦೦೫ನೆಯ ಇಸವಿ ಜುಲೈ ೨೬ರಂದು ಮುಂಬಯಿಯ ಸಾಂತಾಕ್ರೂಜಿನಲ್ಲಿ ಇಪ್ಪತ್ತನಾಲ್ಕು ಗಂಟೆಗಳೊಳಗೆ ೯೪೪ ಮಿಲಿಮೀಟರ್ ಮಳೆ ಸುರಿಯಿತು. ವಿಜಯಪುರದಲ್ಲಿ ಇಡೀ ವರ್ಷಕ್ಕೆ ಬೀಳುವ ಮಳೆ ಸರಾಸರಿಯಲ್ಲಿ ೬೦೦ ಮಿಲಿಮೀಟರಿನ ಆಸುಪಾಸು. ಎಂದರೆ, ಅಲ್ಲಿಯ ಒಕ್ಕಲಿಗನು ಒಂದೂವರೆ ವರ್ಷ ಆಕಾಶವನ್ನು ನೋಡುತ್ತ ಕುಳಿತು ಪಡೆಯುವ ನೀರು ನಮ್ಮ ನಗರದಲ್ಲಿ ಒಂದು ಹಗಲು ಒಂದು ರಾತ್ರಿಯಲ್ಲಿ ಬಿದ್ದು, ಬೀದಿಗಳನ್ನು ಮುಳುಗಿಸಿ, ಸಮುದ್ರದ ಪಾಲಾಯಿತು. ಒಂದೆಡೆ ನೀರು ಹೆಚ್ಚಾಗಿ ಜನ ಸತ್ತರು. ಇನ್ನೊಂದೆಡೆ ನೀರು ಸಾಲದೆ ಜನ ಊರು ಬಿಡುತ್ತಾರೆ. ಹಾಗಾದರೆ ಬರವೆಂಬುದು ಕೇವಲ ಮಳೆಯ ಕೊರತೆಯೆ? ಅಥವಾ ಬಿದ್ದ ಮಳೆಯನ್ನು ಆದರಿಸಿ ಇಟ್ಟುಕೊಳ್ಳಲು ತಿಳಿಯದ ನಮ್ಮ ಕೊರತೆಯೆ?

ಮಳೆಯ ಮರೆಯ ನಾಡು

ನಮ್ಮ ಶಾಲೆಯ ಮಕ್ಕಳಲ್ಲಿ ಕೆಲವರ ಹಿರಿಯರು ಘಟ್ಟದ ಕೆಳಗಿನ ಉಡುಪಿ, ಮಂಗಳೂರು ಕಡೆಯವರು. ಅಲ್ಲಿ ಮಳೆಗೆ ಬರವಿಲ್ಲ. ಇನ್ನು ಕೆಲವರ ಹಿರಿಯರು ವಿಜಯಪುರ, ಇಂಡಿ, ಚಡಚಣ, ಜತ್ತ, ಅಕ್ಕಲಕೋಟೆ, ಸೊಲ್ಲಾಪುರಗಳ ಕಡೆಯಿಂದ ಹೊಟ್ಟೆಯ ಪಾಡಿಗಾಗಿ ಮುಂಬಯಿಗೆ ಬಂದವರು. ಈ ಎರಡನೆಯ ಸೀಮೆಯೇ ನಮ್ಮ ಪ್ರಸ್ತುತ ವಿಷಯ.

ಈ ಸೀಮೆಯ ರಾಜಕೀಯ ಚರಿತ್ರೆ ವಿಚಿತ್ರವಾದುದು. ವಿಜಾಪುರ ಜಿಲ್ಲೆ ೧೯೫೬ರವರೆಗೆ ಮುಂಬಯಿ ರಾಜ್ಯಕ್ಕೆ ಸೇರಿತ್ತು. ಜತ್ತ ಮತ್ತು ಅಕ್ಕಲಕೋಟೆಗಳು ಸ್ವಾತಂತ್ರ್ಯ ಬರುವವರೆಗೆ ಚಿಕ್ಕ ಸಂಸ್ಥಾನಗಳಾಗಿದ್ದುವು. ೧೯೫೬ರ ನವೆಂಬರ್ ೧ರಂದು ರಾಜ್ಯಗಳ ಪುನರ್ವಿಂಗಡಣೆಯಾದಾಗ ವಿಜಾಪುರ ಜಿಲ್ಲೆ ಅಂದಿನ ಮೈಸೂರು ರಾಜ್ಯವನ್ನು ಸೇರಿತು. ಜತ್ತ, ಅಕ್ಕಲಕೋಟೆ, ದಕ್ಷಿಣ ಸೊಲ್ಲಾಪುರಗಳು ಮುಂಬಯಿ ರಾಜ್ಯದಲ್ಲಿಯೇ ಉಳಿದು, ೧೯೬೦ರ ಮೇ ೧ರಿಂದ ಮಹಾರಾಷ್ಟ್ರದವಾದುವು. ಗಡಿಯ ಈಚೆಯೂ ಕನ್ನಡ, ಆಚೆಯೂ ಕನ್ನಡ. ಈಚೆಯೂ ಜೋಳದ ರೊಟ್ಟಿ, ಆಚೆಯೂ ಜೋಳದ ರೊಟ್ಟಿ. ಈಚೆಯೂ ಬರ, ಆಚೆಯೂ ಬರ. ನಕ್ಷೆಯ ಮೇಲೆ ಎಳೆದ ಗೆರೆ ಕಚೇರಿಗಳನ್ನು ಬೇರ್ಪಡಿಸಿತೇ ಹೊರತು ಮೋಡಗಳನ್ನಾಗಲಿ ಹಳ್ಳಕೊಳ್ಳಗಳನ್ನಾಗಲಿ ಬೇರ್ಪಡಿಸಲಿಲ್ಲ.

ಇಲ್ಲಿ ಮಳೆ ಕಡಿಮೆಯಾಗಲು ಕಾರಣವೇನು? ಅರಬ್ಬಿ ಸಮುದ್ರದಿಂದ ತೇವವನ್ನು ಹೊತ್ತು ಬರುವ ಮುಂಗಾರಿನ ಗಾಳಿ ಸಹ್ಯಾದ್ರಿಗೆ ಬಡಿದು ಮೇಲೇರುತ್ತದೆ. ಏರಿದಂತೆ ತಣಿದು ತನ್ನ ಹೊರೆಯನ್ನು ಅಲ್ಲಿಯೇ ಇಳಿಸಿಬಿಡುತ್ತದೆ. ಆದುದರಿಂದಲೇ ಮಹಾಬಳೇಶ್ವರದಲ್ಲಿ ವರ್ಷಕ್ಕೆ ಐದು ಸಾವಿರ ಮಿಲಿಮೀಟರಿಗೂ ಮಿಕ್ಕಿ ಮಳೆಯಾಗುತ್ತದೆ. ಬೆಟ್ಟವನ್ನು ದಾಟಿ ಮೂಡಲಿಗೆ ಇಳಿಯುವಾಗ ಆ ಗಾಳಿಯಲ್ಲಿ ಉಳಿದಿರುವ ನೀರು ಅತ್ಯಲ್ಪ. ಹೀಗೆ ಬೆಟ್ಟದ ಮರೆಯಲ್ಲಿ ಸಿಲುಕಿದ ಪ್ರದೇಶವನ್ನು ಭೂಗೋಳದಲ್ಲಿ ಮಳೆಯ ನೆರಳಿನ ಪ್ರದೇಶವೆಂದು ಕರೆಯುತ್ತಾರೆ. ಬೀಳುವ ಮಳೆ ಕಡಿಮೆಯಾದರೂ ಬಿಸಿಲಿಗೆ ಕಡಿಮೆಯಿಲ್ಲ. ಮಳೆಯಾಗಿ ಬಂದುದರ ಎರಡು ಪಟ್ಟಿಗೂ ಮಿಕ್ಕಿದ ನೀರನ್ನು ಆವಿಯಾಗಿ ಹೀರುವ ಶಕ್ತಿ ಅಲ್ಲಿಯ ಸೂರ್ಯನಿಗುಂಟು.

ಈ ಸೀಮೆಗೆ ಎರಡು ಬಗೆಯ ನದಿಗಳಿವೆ. ಕೃಷ್ಣೆಯೂ ಭೀಮೆಯೂ ಸಹ್ಯಾದ್ರಿಯಲ್ಲಿ ಹುಟ್ಟಿ, ಅಲ್ಲಿಯ ಮಳೆಯನ್ನು ಹೊತ್ತು ಒಣನಾಡನ್ನು ಹಾಯ್ದು ಹೋಗುವ ಅತಿಥಿಗಳು. ಭೀಮಾಶಂಕರದಲ್ಲಿ ಹುಟ್ಟುವ ಭೀಮೆ ಸುಮಾರು ೮೬೦ ಕಿಲೋಮೀಟರ್ ಹರಿದು ರಾಯಚೂರು ಜಿಲ್ಲೆಯಲ್ಲಿ ಕೃಷ್ಣೆಯನ್ನು ಕೂಡುತ್ತದೆ. ದಾರಿಯಲ್ಲಿ ಕೆಲದೂರ ಸೊಲ್ಲಾಪುರ ಮತ್ತು ವಿಜಯಪುರ ಜಿಲ್ಲೆಗಳ ನಡುವೆ ತಾನೇ ಗಡಿಯಾಗಿ ಹರಿಯುತ್ತದೆ. ಇವಲ್ಲದೆ ಡೋಣಿಯಂತಹ ನದಿಗಳುಂಟು. ಡೋಣಿ ಜತ್ತ ತಾಲ್ಲೂಕಿನ ಒಣನೆಲದಲ್ಲಿಯೇ ಹುಟ್ಟಿ, ಗಡಿಯನ್ನು ದಾಟಿ, ವಿಜಯಪುರ ಜಿಲ್ಲೆಯನ್ನು ಸೀಳಿಕೊಂಡು ಹೋಗಿ ಕೃಷ್ಣೆಯನ್ನು ಸೇರುವ ಮನೆಮಗಳು. ಅತಿಥಿಗಳ ಭಾಗ್ಯ ಸಹ್ಯಾದ್ರಿಯ ಕೈಯಲ್ಲಿದ್ದರೆ, ಮನೆಮಗಳ ಭಾಗ್ಯ ಆ ಸೀಮೆಯ ಹೊಲಗದ್ದೆಗಳ ಕೈಯಲ್ಲಿದೆ.

ಮಣ್ಣು ಮತ್ತು ಹಿರಿಯರ ಜಾಣ್ಮೆ

ನೆಲದ ಗುಣವನ್ನರಿಯದೆ ನೀರಿನ ವ್ಯವಹಾರ ತಿಳಿಯದು. ಇಲ್ಲಿಯ ಬಯಲುಗಳಲ್ಲಿ ಕರಿಯ ಎರೆಮಣ್ಣು, ಮಡ್ಡಿಗಳಲ್ಲಿ ತೆಳುವಾದ ಕಲ್ಲುನೆಲ, ಅವುಗಳ ಕೆಳಗೆ ಬಹುಭಾಗ ಜ್ವಾಲಾಮುಖಿಯ ಲಾವಾ ಹೆಪ್ಪುಗಟ್ಟಿದ ಕಪ್ಪು ಶಿಲೆ. ಗಟ್ಟಿಶಿಲೆಯಲ್ಲಿ ನೀರು ಬಿರುಕುಗಳಲ್ಲಿ ಮಾತ್ರ ನಿಲ್ಲಬಲ್ಲದು. ಆದರೆ ಎರೆಮಣ್ಣು ಒಂದು ಅದ್ಭುತ. ತೊಯ್ದಾಗ ಉಬ್ಬಿ, ಒಣಗಿದಾಗ ಬಾಯ್ದೆರೆದು, ನೀರನ್ನು ತನ್ನ ಒಡಲಲ್ಲಿ ತಿಂಗಳುಗಟ್ಟಲೆ ಕಾಯ್ದಿಡುತ್ತದೆ. ಸಪ್ಟೆಂಬರ್ ಅಕ್ಟೋಬರ್ ತಿಂಗಳುಗಳಲ್ಲಿ ಬಿತ್ತಿದ ಹಿಂಗಾರಿ ಜೋಳ, ಅನಂತರ ಒಂದು ಹನಿ ಮಳೆಯಿಲ್ಲದಿದ್ದರೂ, ಮಣ್ಣಿನ ಹಸಿಯನ್ನೂ ಚಳಿಗಾಲದ ಇಬ್ಬನಿಯನ್ನೂ ನೆಚ್ಚಿ ತೆನೆಯೊಡೆಯುತ್ತದೆ. ಅಲ್ಲಿಯ ಒಕ್ಕಲಿಗನಿಗೆ ಅವನ ಹೊಲವೇ ಕೆರೆ.

ಈ ಕೆರೆಯನ್ನು ತುಂಬಿಕೊಳ್ಳಲು ಹಿರಿಯರು ಹೊಲದ ಇಳಿಜಾರಿಗೆ ಅಡ್ಡಲಾಗಿ ಒಡ್ಡು ಹಾಕಿದರು. ಹರಿಯುವ ನೀರು ಒಡ್ಡಿನಲ್ಲಿ ನಿಂತು ಇಂಗುವಂತೆ ಮಾಡಿದರು. ಮಣ್ಣಿನ ಬಿರುಕುಗಳನ್ನು ಮುಚ್ಚಲು ಕುಂಟೆ ಹೊಡೆದು ಮತ್ತೆ ಮತ್ತೆ ಹರಗಿದರು. ೧೯೩೦ರ ದಶಕದಲ್ಲಿ ಸೊಲ್ಲಾಪುರ ಮತ್ತು ವಿಜಾಪುರಗಳಲ್ಲಿ ಸ್ಥಾಪಿತವಾದ ಒಣಬೇಸಾಯದ ಸಂಶೋಧನ ಕೇಂದ್ರಗಳು ಇದೇ ತತ್ತ್ವಗಳನ್ನು ಅಳೆದು, ತೂಗಿ, ಶಾಸ್ತ್ರೀಯವಾಗಿ ನಿರೂಪಿಸಿದುವು.

ಆ ಒಡ್ಡಿನ ಬೆಲೆಯನ್ನು ಒಂದು ಗಣಿತದಿಂದ ತಿಳಿಯಬಹುದು. ಒಂದು ಎಕರೆ ನೆಲದ ಮೇಲೆ ಒಂದು ಮಿಲಿಮೀಟರ್ ಮಳೆ ಬಿದ್ದರೆ ಸುಮಾರು ೪,೦೦೦ ಲೀಟರ್ ನೀರಾಗುತ್ತದೆ. ೬೦೦ ಮಿಲಿಮೀಟರಿಗೆ ೨೪ ಲಕ್ಷ ಲೀಟರ್. ೨೦೧೬ರ ಬೇಸಿಗೆಯಲ್ಲಿ ಲಾತೂರು ಪಟ್ಟಣಕ್ಕೆ ಕುಡಿಯುವ ನೀರು ತೀರಿಹೋಗಿ, ಮೂರು ನೂರು ಕಿಲೋಮೀಟರಿಗೂ ದೂರದ ಮಿರಜಿನಿಂದ ರೈಲಿನಲ್ಲಿ ನೀರು ಒಯ್ಯಬೇಕಾಯಿತು. ಐವತ್ತು ವ್ಯಾಗನುಗಳ ಆ ರೈಲು ಒಂದು ಸಲಕ್ಕೆ ಹೊತ್ತದ್ದು ಸುಮಾರು ೨೫ ಲಕ್ಷ ಲೀಟರ್. ಎಂದರೆ ಬರದ ನಾಡೆನಿಸಿದ ವಿಜಯಪುರದಲ್ಲಿ ಕೂಡ ಒಂದೊಂದು ಎಕರೆಯ ಮೇಲೂ ಸಾಧಾರಣ ವರ್ಷದಲ್ಲಿ ಒಂದೊಂದು ರೈಲಿನಷ್ಟು ನೀರು ಆಕಾಶದಿಂದ ಇಳಿಯುತ್ತದೆ! ಅದರಲ್ಲಿ ಎಷ್ಟು ಇಂಗುವುದು, ಎಷ್ಟು ಮಣ್ಣನ್ನೂ ಕೊಚ್ಚಿಕೊಂಡು ಓಡಿಹೋಗುವುದು ಎಂಬುದರ ಮೇಲೆ ಆ ಊರಿನ ಬಾಳು ನಿಂತಿದೆ.

ಆ ನೀರು ಬಾರದಿದ್ದರೆ, ಬಂದುದು ನಿಲ್ಲದಿದ್ದರೆ ಆಗುವ ಅನರ್ಥವೆಷ್ಟು? ೧೮೭೬ರಿಂದ ೧೮೭೮ರವರೆಗಿನ ಮಹಾಕ್ಷಾಮದಲ್ಲಿ ಈ ಭಾಗ ಕಲಾದಗಿ ಜಿಲ್ಲೆಯೆನಿಸಿಕೊಂಡಿತ್ತು. ೧೮೭೨ರ ಮತ್ತು ೧೮೮೧ರ ಜನಗಣತಿಗಳನ್ನು ಹೋಲಿಸಿದರೆ ಜಿಲ್ಲೆಯ ಜನರಲ್ಲಿ ಐದರಲ್ಲಿ ಒಂದು ಪಾಲು ಕಡಿಮೆಯಾದುದು ಕಂಡುಬರುತ್ತದೆ. ಸತ್ತವರು ಕೆಲವರು, ದೇಶಾಂತರ ಹೋದವರು ಕೆಲವರು. ಅಂಕೆಗಳ ಹಿಂದೆ ಅಡಗಿರುವ ಮನೆಗಳನ್ನು ಓದುಗರು ಮನಸ್ಸಿಗೆ ತಂದುಕೊಳ್ಳಬೇಕು.

ಆದಿಲ್ ಶಾಹಿಗಳ ಜಲವ್ಯವಸ್ಥೆ

ಇಂತಹ ಒಣನೆಲದ ನಡುವೆಯೇ ಹದಿನಾರು ಹದಿನೇಳನೆಯ ಶತಮಾನಗಳಲ್ಲಿ ವಿಜಾಪುರವು ದಖ್ಖಣದ ಮಹಾನಗರವಾಗಿ ಮೆರೆಯಿತು. ಗೋಲಗುಮ್ಮಟವನ್ನು ನೋಡಿ ಬೆರಗಾಗದವರಿಲ್ಲ. ಆದರೆ ಅದನ್ನು ಕಟ್ಟಿದವರಿಗೆ ಕುಡಿಯಲು ನೀರು ಎಲ್ಲಿಂದ ಬಂದಿತೆಂದು ಕೇಳುವವರು ವಿರಳ. ನಗರದ ಪಡುವಣಕ್ಕೆ ಕೆಲವು ಮೈಲಿಗಳ ದೂರದಲ್ಲಿ ತೊರವೆ ಎಂಬ ಊರಿದೆ. ಕುಮಾರ ವಾಲ್ಮೀಕಿಯ ‘ತೊರವೆ ರಾಮಾಯಣ’ದಿಂದ ಕನ್ನಡಿಗರೆಲ್ಲರಿಗೂ ಪರಿಚಿತವಾದ ಊರದು. ಆ ಎತ್ತರದ ನೆಲದಲ್ಲಿ ದೊರೆಯುವ ನೀರನ್ನು ಭೂಮಿಯೊಳಗಿನ ಸುರಂಗದ ಮೂಲಕ, ಯಾವ ಯಂತ್ರದ ನೆರವೂ ಇಲ್ಲದೆ, ಇಳಿಜಾರೊಂದನ್ನೇ ನೆಚ್ಚಿ ನಗರಕ್ಕೆ ಹರಿಸಿದರು. ಮುಹಮ್ಮದ್ ಆದಿಲ್ ಶಾಹನ ಕಾಲದಲ್ಲಿ (೧೬೨೭–೧೬೫೬) ನಗರದ ತೆಂಕಣಕ್ಕೆ ಬೇಗಂ ತಲಾಬ್ ಎಂಬ ಕೆರೆಯನ್ನು ಕಟ್ಟಿ, ಅಲ್ಲಿಂದ ಮಣ್ಣಿನ ಕೊಳವೆಗಳಲ್ಲಿ ನೀರು ತಂದರು. ದಾರಿಯುದ್ದಕ್ಕೂ ಗಂಜ್ ಎಂದು ಕರೆಯುವ ಕಲ್ಲಿನ ಗೋಪುರಗಳನ್ನು ನಿಲ್ಲಿಸಿದರು. ಕೊಳವೆಯೊಡೆಯದಂತೆ ನೀರಿನ ಒತ್ತಡವನ್ನು ತಗ್ಗಿಸುವುದೂ, ನೀರಿನಲ್ಲಿಯ ಹೂಳು ತಳದಲ್ಲಿ ನಿಲ್ಲುವಂತೆ ಮಾಡುವುದೂ ಅವುಗಳ ಕೆಲಸ. ನಗರದೊಳಗೆ ಚಾಂದ್ ಬಾವಡಿ, ತಾಜ್ ಬಾವಡಿ ಮೊದಲಾದ ವಿಶಾಲವಾದ ಬಾವಿಗಳು ನೀರಿನ ಭಂಡಾರಗಳಾಗಿದ್ದುವು.

ಬೀದರಿನ ಹತ್ತಿರ ನೌಬಾದಿನಲ್ಲಿಯೂ ಬಹಮನಿಗಳ ಕಾಲದ ಇಂತಹುದೇ ಸುರಂಗವಿದೆ. ಕರೇಜ್ ಎಂಬ ಹೆಸರಿನ ಈ ಪದ್ಧತಿ ಇರಾನಿನಂತಹ ಒಣನಾಡುಗಳಿಂದ ಬಂದುದು. ನೀರು ನೆಲದ ಕೆಳಗೆ ಹರಿಯುವುದರಿಂದ ಬಿಸಿಲಿಗೆ ಆವಿಯಾಗದು; ತಾನಾಗಿ ಹರಿದು ಬಂದಷ್ಟನ್ನೇ ಬಳಸುವುದರಿಂದ ಒರತೆ ಬತ್ತದು. ಬಂದಷ್ಟರಲ್ಲಿ ಬಾಳುವುದೇ ಈ ಪದ್ಧತಿಯ ಮರ್ಮ. ಕಾಲಾನಂತರದಲ್ಲಿ ಅರಸೊತ್ತಿಗೆ ಅಳಿಯಿತು, ಸುರಂಗಗಳಲ್ಲಿ ಮಣ್ಣು ತುಂಬಿತು, ಬಾವಡಿಗಳು ಕಸದ ಗುಂಡಿಗಳಾದುವು. ಇತ್ತೀಚಿನ ವರ್ಷಗಳಲ್ಲಿ ತಾಜ್ ಬಾವಡಿಯನ್ನೂ ನೌಬಾದಿನ ಸುರಂಗವನ್ನೂ ಹೂಳೆತ್ತಿ ಶುಚಿಗೊಳಿಸುವ ಕಾರ್ಯ ನಡೆದಿರುವುದು ಸಂತೋಷದ ಸಂಗತಿ. ಜಲಾಶಯವನ್ನು ಕಟ್ಟುವವನಷ್ಟೇ ಅದನ್ನು ಕಾಪಾಡುವವನೂ ದೊಡ್ಡವನು.

ನದಿಯೆಂದರೆ ಬರಿಯ ನೀರಲ್ಲ

ಇದುವರೆಗೆ ಹೊಲದಲ್ಲಿ, ಊರಿನಲ್ಲಿ ಮನುಷ್ಯನು ನೀರನ್ನು ಹಿಡಿದಿಟ್ಟುಕೊಂಡ ಬಗೆಯನ್ನು ನೋಡಿದೆವು. ಇನ್ನು ನದಿಯ ಕಡೆಗೆ ತಿರುಗೋಣ. ನದಿಯೆಂದರೆ ನೀರನ್ನು ಒಂದೆಡೆಯಿಂದ ಇನ್ನೊಂದೆಡೆಗೆ ಸಾಗಿಸುವ ಕಾಲುವೆಯೆಂದು ಭಾವಿಸುವುದು ತಪ್ಪು. ಅದೊಂದು ಜೀವಂತವಾದ ಸಂಸಾರ. ದಂಡೆಯ ಗಿಡಮರಗಳು ಮಣ್ಣನ್ನು ಬೇರುಗಳಿಂದ ಹಿಡಿದು ನಿಲ್ಲಿಸುತ್ತವೆ. ಬೇಸಿಗೆಯಲ್ಲಿ ಹರಿವು ಕಡಿದಾಗ ಆಳವಾದ ಮಡುಗಳು ಮೀನು, ಆಮೆ, ಏಡಿಗಳಿಗೆ ಆಶ್ರಯ ಕೊಡುತ್ತವೆ. ಮೊದಲ ಪ್ರವಾಹ ಬಂದಾಗ ಹಲವು ಜಾತಿಯ ಮೀನುಗಳು ನೀರಿಗೆದುರಾಗಿ ಈಜಿ ಮೊಟ್ಟೆಯಿಡುತ್ತವೆ. ಪ್ರವಾಹವು ನಮ್ಮ ಕಣ್ಣಿಗೆ ಕೇಡಾಗಿ ಕಂಡರೂ ಹೊಲಕ್ಕೆ ಮೆಕ್ಕಲು ಮಣ್ಣನ್ನು ತರುತ್ತದೆ, ಪಾತ್ರದ ಕೊಳೆಯನ್ನು ತೊಳೆಯುತ್ತದೆ.

ನದಿಯ ಮರಳಿನ ಮಹಿಮೆಯನ್ನು ಪ್ರತ್ಯೇಕವಾಗಿ ಹೇಳಬೇಕು. ಮರಳಿನ ಕಣಗಳ ನಡುವಣ ಎಡೆಗಳು ಅದರ ಗಾತ್ರದ ಮೂರನೆಯ ಒಂದು ಪಾಲಿನಷ್ಟಿರಬಹುದು. ಆ ಎಡೆಗಳಲ್ಲಿ ನೀರು ತುಂಬಿ ನಿಲ್ಲುತ್ತದೆ. ಮೇಲೆ ನೋಡಿದರೆ ನದಿ ಒಣಗಿದೆ. ಒಂದೆರಡು ಅಡಿ ತೋಡಿದರೆ ತಿಳಿನೀರಿನ ಒರತೆ. ಹೊಳೆಯ ದಂಡೆಯ ಬಾವಿಗಳು ಬೇಸಿಗೆಯಲ್ಲಿಯೂ ಬತ್ತದಿದ್ದುದು ಈ ಮರಳಿನ ಕೃಪೆಯಿಂದ. ಕಟ್ಟಡಗಳಿಗಾಗಿ ಭೀಮೆಯ ಮರಳನ್ನು ಮಿತಿಮೀರಿ ಬಗೆದು ಸಾಗಿಸಿದಂತೆಲ್ಲ ಈ ಗುಪ್ತವಾದ ಜಲಾಶಯ ಬರಿದಾಯಿತು. ದಂಡೆಯ ಬಾವಿಗಳಲ್ಲಿ ನೀರು ಕೆಳಗಿಳಿಯಿತು. ಲಾರಿಯಲ್ಲಿ ಹೋದುದು ಮರಳು ಮಾತ್ರವಲ್ಲ, ಮುಂದಿನ ಬೇಸಿಗೆಯ ನೀರೂ ಹೌದು.

ಡೋಣಿಯ ಸ್ಥಿತಿ ಇನ್ನೊಂದು ಬಗೆಯದು. ಡೋಣಿಯ ಬಯಲು ಬೆಳೆದರೆ ಓಣಿಗಳೆಲ್ಲ ಜೋಳದಿಂದ ತುಂಬುವುವೆಂದು ಆ ಸೀಮೆಯ ಜನ ಹೆಮ್ಮೆಯಿಂದ ಆಡಿಕೊಳ್ಳುವುದುಂಟು. ಆ ಬಯಲಿನ ಎರೆ ಅಷ್ಟು ಫಲವತ್ತಾದುದು. ಆದರೆ ಒಡ್ಡುಗಳು ಕುಸಿದ ಹೊಲಗಳಿಂದ ಅದೇ ಎರೆಮಣ್ಣು ಮಳೆಯಲ್ಲಿ ಕೊಚ್ಚಿಬಂದು ನದಿಯ ಪಾತ್ರವನ್ನು ತುಂಬಿತು. ಹೂಳಿನ ಮೇಲೆ ಬಳ್ಳಾರಿ ಜಾಲಿಯ ಮುಳ್ಳುಕಂಟಿಗಳು ಹಬ್ಬಿ ಇನ್ನಷ್ಟು ಹೂಳನ್ನು ತಡೆದು ನಿಲ್ಲಿಸಿದುವು. ಪಾತ್ರ ಮೇಲೇರಿದ ನದಿಗೆ ನೀರನ್ನು ಒಡಲಲ್ಲಿ ಇಟ್ಟುಕೊಳ್ಳುವ ಶಕ್ತಿಯಿಲ್ಲ. ಜೋರು ಮಳೆ ಬಂದರೆ ದಂಡೆ ಮೀರಿ ಹೊಲಗಳಿಗೆ ನುಗ್ಗುತ್ತದೆ; ಮಳೆ ನಿಂತರೆ ಒಣಗುತ್ತದೆ; ಉಳಿದ ನೀರು ಸವುಳಾಗಿ ಕುಡಿಯಲೂ ಬಾರದು. ಹೊಲವನ್ನು ಕಡೆಗಣಿಸಿದ ಪಾಪ ನದಿಯಲ್ಲಿ ಫಲಿಸಿ, ತಿರುಗಿ ಹೊಲಕ್ಕೇ ಬಂದಿತು. ಮೇಲೆ ಜತ್ತದ ಮಡ್ಡಿಯಲ್ಲಿ ಕಟ್ಟಿದ ಒಡ್ಡು ಕೆಳಗೆ ವಿಜಯಪುರದ ರೈತನ ಬೆಳೆಯನ್ನು ಕಾಯುತ್ತದೆಂಬುದನ್ನು ಯೋಚಿಸಿದರೆ, ನೀರಿನ ವಿಷಯದಲ್ಲಿ ನೆರೆಹೊರೆ ಎಂಬ ಶಬ್ದಕ್ಕೆ ಎಷ್ಟು ದೊಡ್ಡ ಅರ್ಥವಿದೆಯೆಂದು ತಿಳಿದೀತು.

ಅಣೆಕಟ್ಟು, ಹಂಚಿಕೆ ಮತ್ತು ನದಿ

ಸ್ವಾತಂತ್ರ್ಯಾನಂತರ ದೊಡ್ಡ ನದಿಗಳಿಗೆ ಅಣೆಕಟ್ಟುಗಳು ಬಂದುವು. ಭೀಮೆಗೆ ಸೊಲ್ಲಾಪುರ ಜಿಲ್ಲೆಯ ಉಜನಿಯಲ್ಲಿ ಕಟ್ಟಿದ ಅಣೆಕಟ್ಟು ೧೯೮೦ರಲ್ಲಿ ಪೂರ್ಣವಾಯಿತು. ಕೃಷ್ಣೆಗೆ ನಾರಾಯಣಪುರದಲ್ಲಿಯೂ ಆಲಮಟ್ಟಿಯಲ್ಲಿಯೂ ಜಲಾಶಯಗಳಾದುವು. ಇವುಗಳಿಂದ ಲಕ್ಷಾಂತರ ಎಕರೆಗಳಿಗೆ ನೀರು ಬಂದಿತು, ಪಟ್ಟಣಗಳ ಬಾಯಾರಿಕೆ ತಣಿಯಿತು. ಇದನ್ನು ಮರೆಯುವುದು ಕೃತಘ್ನತೆ. ಅಂತೆಯೇ, ನೀರು ನಿಂತ ಜಾಗದಲ್ಲಿ ಮನೆ ಹೊಲಗಳನ್ನು ಕಳೆದುಕೊಂಡು ಹೊರಟವರನ್ನು ಮರೆಯುವುದೂ ಕೃತಘ್ನತೆಯೇ.

ನದಿ ಒಂದು, ರಾಜ್ಯಗಳು ಹಲವು. ಆದುದರಿಂದ ಕೃಷ್ಣಾ ಕೊಳ್ಳದ ನೀರನ್ನು ಹಂಚಲು ೧೯೬೯ರಲ್ಲಿ ನ್ಯಾಯಮೂರ್ತಿ ಬಚಾವತರ ಅಧ್ಯಕ್ಷತೆಯಲ್ಲಿ ನ್ಯಾಯಮಂಡಲಿ ನೇಮಕವಾಯಿತು. ಅದು ೨,೦೬೦ ಟಿ.ಎಂ.ಸಿ. ನೀರನ್ನು ಮಹಾರಾಷ್ಟ್ರಕ್ಕೆ ೫೬೦, ಕರ್ನಾಟಕಕ್ಕೆ ೭೦೦, ಅಂದಿನ ಆಂಧ್ರಪ್ರದೇಶಕ್ಕೆ ೮೦೦ ಎಂದು ಹಂಚಿಕೊಟ್ಟಿತು. ಒಂದು ಟಿ.ಎಂ.ಸಿ. ಎಂದರೆ ನೂರು ಕೋಟಿ ಘನ ಅಡಿ. ಮೂರು ಸಂಖ್ಯೆಗಳನ್ನು ಕೂಡಿಸಿ ನೋಡಿದರೆ ಲೆಕ್ಕ ಸರಿಯಾಗಿದೆ. ಒಂದು ಹನಿಯೂ ಉಳಿಯಲಿಲ್ಲ. ಹಾಗಾದರೆ ನದಿಯ ಪಾಲು ಯಾವುದು? ಮೀನಿಗೆ, ಮಡುವಿಗೆ, ಮರಳಿಗೆ, ದಂಡೆಯ ಮರಕ್ಕೆ ಕೊಟ್ಟುದೆಷ್ಟು? ಈ ಪ್ರಶ್ನೆಯನ್ನು ಅಂದು ಕೇಳಿದವರು ಕಡಿಮೆ. ಎರಡನೆಯ ನ್ಯಾಯಮಂಡಲಿ ೨೦೧೦ರಲ್ಲಿ ಕೊಟ್ಟ ನಿರ್ಣಯದಲ್ಲಿ ನದಿಯ ಕನಿಷ್ಠ ಹರಿವಿಗಾಗಿ ಕೊಂಚ ನೀರನ್ನು ತೆಗೆದಿರಿಸಿದುದು ಈ ದೃಷ್ಟಿಯಿಂದ ಗಮನಾರ್ಹ. ನದಿಗೂ ಒಂದು ಪಾಲು ಸಲ್ಲಬೇಕೆಂಬ ವಿಚಾರ ನ್ಯಾಯದ ಬಾಗಿಲನ್ನು ಪ್ರವೇಶಿಸಿತು.

ಹಂಚಿಕೆಯಷ್ಟೇ ಬಳಕೆಯೂ ಮುಖ್ಯ. ಒಣನಾಡಿನಲ್ಲಿ ನೀರು ಕಂಡೊಡನೆ ಕಬ್ಬು ಹಾಕುವ ಆಸೆ ಸಹಜ. ಸಕ್ಕರೆ ಕಾರಖಾನೆ ಹಣವನ್ನು ಕೊಡುತ್ತದೆ. ಆದರೆ ಜೋಳಕ್ಕೆ ಬೇಕಾದುದರ ಮೂರು ನಾಲ್ಕು ಪಟ್ಟು ನೀರು ಕಬ್ಬಿಗೆ ಬೇಕು. ಒಬ್ಬನ ಕಬ್ಬು ನಾಲ್ವರ ಜೋಳದ ನೀರನ್ನು ಕುಡಿಯುತ್ತದೆ. ಮೇಲ್ದಂಡೆಯಲ್ಲಿ ಕುಡಿದಷ್ಟೂ ಕೆಳದಂಡೆಯಲ್ಲಿ ಬೇಸಿಗೆಯ ಭೀಮೆ ಒಣಗುತ್ತದೆ. ಇದಕ್ಕೆ ವಿರುದ್ಧವಾಗಿ ೨೦೨೦ರ ಅಕ್ಟೋಬರಿನಲ್ಲಿ ಅತಿವೃಷ್ಟಿಯಾಗಿ, ಮೇಲಿನ ಜಲಾಶಯಗಳಿಂದ ಒಮ್ಮೆಲೆ ನೀರು ಬಿಟ್ಟಾಗ, ಅದೇ ಭೀಮೆ ವಿಜಯಪುರ ಕಲಬುರಗಿ ಜಿಲ್ಲೆಗಳ ಹಳ್ಳಿಗಳನ್ನು ಮುಳುಗಿಸಿತು. ಮೇಲಿನವರೂ ಕೆಳಗಿನವರೂ ಪರಸ್ಪರ ಕೇಳಿ ತಿಳಿದು ನಡೆಯದಿದ್ದರೆ ನದಿ ಬೇಸಿಗೆಯಲ್ಲಿ ಇಲ್ಲವಾಗುತ್ತದೆ, ಮಳೆಗಾಲದಲ್ಲಿ ಶತ್ರುವಾಗುತ್ತದೆ.

ಗಡಿಯನ್ನು ಮೀರಿ ನೀರು ಹರಿದ ಉದಾಹರಣೆಗಳೂ ಉಂಟು. ಜತ್ತ ತಾಲ್ಲೂಕಿನ ಮೂಡಣ ಭಾಗದ ಕನ್ನಡ ಹಳ್ಳಿಗಳು ವರ್ಷಗಟ್ಟಲೆ ನೀರಿಗಾಗಿ ಮೊರೆಯಿಟ್ಟಿದ್ದುವು. ೨೦೨೨ರ ಕೊನೆಯಲ್ಲಿ ಗಡಿಯ ವಾದ ಕಾವೇರಿದ್ದ ದಿನಗಳಲ್ಲಿಯೇ, ಕರ್ನಾಟಕದ ತುಬಚಿ–ಬಬಲೇಶ್ವರ ಏತನೀರಾವರಿಯ ನೀರು ಆ ಕಡೆಗೆ ಹರಿಯಿತು. ಸಭೆಗಳಲ್ಲಿ ಮಾತು ಬಿಸಿಯಾಗಿದ್ದರೂ ನೀರು ತಂಪಾಗಿಯೇ ಗಡಿಯನ್ನು ದಾಟಿತು.

ದೂರದೇಶದ ಒಂದು ನಿದರ್ಶನ

ಈ ಸಮಸ್ಯೆ ನಮ್ಮೊಬ್ಬರದೇ ಅಲ್ಲ. ಅಮೇರಿಕದ ಸಂಯುಕ್ತ ಸಂಸ್ಥಾನ ಮತ್ತು ಮೆಕ್ಸಿಕೊ ದೇಶಗಳ ಗಡಿಯೂ ಮರುಭೂಮಿಯಂತಹ ಒಣನಾಡು. ಅಲ್ಲಿ ಹರಿಯುವ ಕೊಲರಾಡೊ ನದಿಯ ನೀರನ್ನು ಏಳು ಸಂಸ್ಥಾನಗಳು ೧೯೨೨ರಲ್ಲಿ ಹಂಚಿಕೊಂಡುವು. ೧೯೪೪ರ ಒಪ್ಪಂದದಿಂದ ಮೆಕ್ಸಿಕೊಗೂ ಪಾಲು ದೊರೆಯಿತು. ಆದರೆ ೧೯೨೨ರ ಹಂಚಿಕೆಗೆ ಆಧಾರವಾದುದು ಮಳೆ ಹೆಚ್ಚಾಗಿದ್ದ ವರ್ಷಗಳ ಅಳತೆ. ಎಂದರೆ ನದಿಯಲ್ಲಿ ಇದ್ದುದಕ್ಕಿಂತ ಹೆಚ್ಚು ನೀರನ್ನು ಕಾಗದದ ಮೇಲೆ ಹಂಚಿಬಿಟ್ಟರು. ಅಣೆಕಟ್ಟುಗಳೂ ಕಾಲುವೆಗಳೂ ಬೆಳೆದು, ಕಡೆಗೆ ಆ ಮಹಾನದಿ ಸಮುದ್ರವನ್ನು ಮುಟ್ಟುವುದೇ ನಿಂತುಹೋಯಿತು. ಅದರ ಮುಖಜಭೂಮಿಯ ಜೌಗುನೆಲಗಳು ಒಣಗಿದುವು, ಹಕ್ಕಿಗಳು ಚದುರಿದುವು.

೨೦೧೨ರಲ್ಲಿ ಉಭಯ ದೇಶಗಳು ಕುಳಿತು ಮಾತನಾಡಿ, ನದಿಗೆಂದೇ ಕೊಂಚ ನೀರು ಬಿಡಲು ಒಪ್ಪಿದುವು. ೨೦೧೪ರ ಮಾರ್ಚಿಯಿಂದ ಮೇವರೆಗೆ ಎಂಟು ವಾರಗಳ ಕಾಲ ಬಿಟ್ಟ ನೀರು ಒಣಗಿದ ಪಾತ್ರದಲ್ಲಿ ಹರಿದು ಸಮುದ್ರವನ್ನು ಕಂಡಿತು. ಹೊಳೆಯನ್ನೇ ಕಾಣದೆ ಬೆಳೆದಿದ್ದ ಮಕ್ಕಳು ತಮ್ಮೂರಿನ ಹೊಳೆಯಲ್ಲಿ ಆಡಿದರು. ದಂಡೆಯಲ್ಲಿ ಸಸಿಗಳು ಮೊಳೆತುವು. ನದಿ ಕೇಳುವ ಪಾಲು ದೊಡ್ಡದಲ್ಲ. ಕೊಡುವ ಮನಸ್ಸು ಮಾತ್ರ ದೊಡ್ಡದಾಗಿರಬೇಕು.

ಮಾಡತಕ್ಕುದೇನು?

ಬಲ್ಲವರು ಹೇಳುವ ಉಪಾಯಗಳನ್ನು ಸಂಗ್ರಹವಾಗಿ ನೋಡೋಣ. ಮೊದಲನೆಯದು, ನೀರನ್ನು ಅದು ಬಿದ್ದಲ್ಲಿಯೇ ತಡೆಯುವುದು. ದಿಣ್ಣೆಯಿಂದ ತೊಡಗಿ ಕಣಿವೆಗೆ ಇಳಿಯುತ್ತ ಒಡ್ಡು, ಕೃಷಿಹೊಂಡ, ಹಳ್ಳಕ್ಕೆ ಚಿಕ್ಕ ತಡೆಗೋಡೆಗಳನ್ನು ಕಟ್ಟಬೇಕು. ಕೆಳಗಿನಿಂದ ತೊಡಗಿದರೆ ಕಟ್ಟಿದ ಕಟ್ಟೆ ಹೂಳಿನಿಂದ ತುಂಬುವುದು. ಎರಡನೆಯದು, ಹಳೆಯ ಕೆರೆಗಳ ಹೂಳೆತ್ತಿ, ನದಿ ತುಂಬಿದಾಗ ಹೆಚ್ಚಿನ ನೀರನ್ನು ಅವುಗಳಿಗೆ ಹರಿಸುವುದು. ವಿಜಯಪುರ ಜಿಲ್ಲೆಯಲ್ಲಿ ಕೃಷ್ಣೆಯ ನೀರಿನಿಂದ ಕೆರೆ ತುಂಬಿಸುವ ಯೋಜನೆಗಳು ನಡೆದು, ಸುತ್ತಲ ಬಾವಿಗಳಲ್ಲಿ ನೀರು ಮೇಲೇರಿತು. ಮೂರನೆಯದು, ನೆಲಕ್ಕೂ ಮಳೆಗೂ ಹೊಂದುವ ಬೆಳೆಯನ್ನು ಆರಿಸುವುದು. ನಾಲ್ಕನೆಯದು, ನದಿಯ ಮರಳು, ಮಡು, ದಂಡೆಗಳನ್ನು ಮುಟ್ಟದೆ ಕಾಯುವುದು; ಊರ ಕೊಳಕನ್ನು ಶುದ್ಧಿಮಾಡದೆ ಹೊಳೆಗೆ ಬಿಡದಿರುವುದು; ಬೇಸಿಗೆಯಲ್ಲಿ ಕಿಂಚಿತ್ ಹರಿವನ್ನಾದರೂ ಉಳಿಸುವುದು.

ಇವೆಲ್ಲಕ್ಕೂ ಅಡಿಗಲ್ಲು ಲೆಕ್ಕ. ಮಹಾರಾಷ್ಟ್ರದ ಅಹಮದನಗರ (ಈಗ ಅಹಿಲ್ಯಾನಗರ) ಜಿಲ್ಲೆಯ ಹಿವರೆ ಬಾಜಾರ್ ಎಂಬ ಹಳ್ಳಿ ಒಮ್ಮೆ ಬರದಿಂದ ಬರಿದಾಗುತ್ತಿತ್ತು. ೧೯೯೦ರ ದಶಕದಿಂದ ಅಲ್ಲಿಯ ಜನ ಪೋಪಟರಾವ್ ಪವಾರರ ಮುಂದಾಳುತನದಲ್ಲಿ ಬೋರುಬಾವಿಯಿಂದ ಬೇಸಾಯಕ್ಕೆ ನೀರೆತ್ತುವುದನ್ನೂ, ಹೆಚ್ಚು ನೀರು ಬೇಡುವ ಬೆಳೆಗಳನ್ನೂ ತಾವಾಗಿ ನಿಷೇಧಿಸಿಕೊಂಡು, ಪ್ರತಿವರ್ಷ ಮಳೆಯನ್ನಳೆದು, ಕುಡಿಯಲೆಷ್ಟು, ದನಗಳಿಗೆಷ್ಟು, ಬೆಳೆಗೆಷ್ಟು ಎಂದು ಊರೆಲ್ಲ ಕುಳಿತು ನಿಶ್ಚಯಿಸುವ ರೂಢಿಯಿಟ್ಟರು. ಊರು ಬಿಟ್ಟುಹೋಗಿದ್ದ ಕುಟುಂಬಗಳು ಮರಳಿ ಬಂದುವು. ಮನೆಯ ಖರ್ಚಿಗೆ ಲೆಕ್ಕವಿಡುವ ನಾವು ನೀರಿಗೆ ಲೆಕ್ಕವಿಡಬಾರದೇಕೆ?

ಚೆಂಬೂರಿನ ನಮಗೆ ಇದರಿಂದೇನು?

ಗಡಿನಾಡಿನ ಬರ ಮುಂಬಯಿಯ ಮಕ್ಕಳಿಗೆ ಏಕೆಂದು ಯಾರಾದರೂ ಕೇಳಬಹುದು. ಮುಂಬಯಿ ಕೂಡ ಬೇರೆಯವರ ನದಿಗಳಿಂದ ಬದುಕುವ ನಗರ. ೧೮೬೦ರಲ್ಲಿ ವಿಹಾರ ಸರೋವರದಿಂದ ತೊಡಗಿದ ಅದರ ನೀರಿನ ಹುಡುಕಾಟ ತುಳಸಿ, ತಾನಸಾ, ವೈತರಣಾಗಳನ್ನು ದಾಟಿ ಭಾತಸಾದವರೆಗೆ ಹೋಗಿದೆ. ಈ ಜಲಾಶಯಗಳು ಹಬ್ಬಿರುವ ಶಹಾಪುರ ತಾಲ್ಲೂಕಿನ ಹಲವು ಹಾಡಿಗಳಲ್ಲಿ ಬೇಸಿಗೆ ಬಂದರೆ ಟ್ಯಾಂಕರಿನ ನೀರೇ ಗತಿ. ಅವರ ಕಣ್ಣೆದುರಿನಿಂದ ಹಾದು ಬಂದ ನೀರು ನಮ್ಮ ನಲ್ಲಿಯಲ್ಲಿ ಸುರಿಯುತ್ತದೆ. ಅದನ್ನು ಪೋಲುಮಾಡುವವನು ತನ್ನದನ್ನಲ್ಲ, ಇನ್ನೊಬ್ಬರದನ್ನು ಪೋಲುಮಾಡುತ್ತಾನೆ.

ನಮಗೂ ನಮ್ಮದೇ ಆದ ನದಿಯೊಂದಿದೆ. ವಿಹಾರ ಮತ್ತು ಪವಾಯಿ ಸರೋವರಗಳಿಂದ ಹೊರಟು ಮಾಹಿಮಿನ ಖಾರಿಯನ್ನು ಸೇರುವ ಮಿಠಿ ನದಿಯನ್ನು ಬಹುಮಂದಿ ಚರಂಡಿಯೆಂದೇ ತಿಳಿದಿದ್ದರು. ೨೦೦೫ರ ಮಹಾಪೂರದಂದು ಅದು ತಾನು ನದಿಯೆಂದು ನೆನಪುಮಾಡಿಕೊಟ್ಟಿತು. ಅದರ ಪಾತ್ರವನ್ನು ಒತ್ತಿ ಕಟ್ಟಡಗಳನ್ನೆಬ್ಬಿಸಿದ್ದೆವು. ನೀರು ತನ್ನ ಹಳೆಯ ದಾರಿಯನ್ನು ಹುಡುಕಿಕೊಂಡು ಮನೆಗಳೊಳಕ್ಕೆ ಬಂದಿತು. ಡೋಣಿಯ ಪಾಠವೂ ಮಿಠಿಯ ಪಾಠವೂ ಒಂದೇ: ನದಿಯ ಜಾಗವನ್ನು ನದಿಗೆ ಬಿಡದಿದ್ದರೆ ನದಿ ನಮ್ಮ ಜಾಗಕ್ಕೆ ಬರುವುದು.

ಚೆಂಬೂರಿಗೆ ಹೊಂದಿದ ಮಾಹುಲದ ಕೆಸರುಬಯಲಿಗೂ, ಠಾಣೆಯ ಖಾರಿಗೂ ಚಳಿಗಾಲದಿಂದ ಮಳೆಯ ತನಕ ಸಾವಿರಾರು ರಾಜಹಂಸಗಳು, ಫ್ಲೆಮಿಂಗೊಗಳೆಂದು ಕರೆಯುವ ಗುಲಾಬಿ ಬಣ್ಣದ ಹಕ್ಕಿಗಳು, ಬಂದಿಳಿಯುವುದನ್ನು ನೀವು ನೋಡಿರಬಹುದು. ಇದೇ ಜಾತಿಯ ಹಕ್ಕಿಗಳು ಭೀಮೆಯ ಉಜನಿ ಜಲಾಶಯದ ಭಿಗವಣದಲ್ಲಿಯೂ, ಕೃಷ್ಣೆಯ ಆಲಮಟ್ಟಿಯ ಹಿನ್ನೀರಿನಲ್ಲಿಯೂ ಇಳಿಯುತ್ತವೆ. ಹಕ್ಕಿಗೆ ಮಹಾರಾಷ್ಟ್ರ, ಕರ್ನಾಟಕ ಎಂಬ ಭೇದವಿಲ್ಲ. ತೆಳುವಾದ ನೀರು, ಅದರಲ್ಲಿ ಆಹಾರ, ಇಷ್ಟೇ ಅದರ ಬೇಡಿಕೆ.

ವಿದ್ಯಾರ್ಥಿ ಮಿತ್ರರೇ, ಗಡಿಯ ವಾದಗಳನ್ನು ತೀರಿಸುವುದು ನಿಮ್ಮ ಕೈಯಲ್ಲಿಲ್ಲ. ಅಣೆಕಟ್ಟಿನ ಬಾಗಿಲುಗಳ ಬೀಗವೂ ನಿಮ್ಮ ಬಳಿಯಿಲ್ಲ. ಆದರೆ ಸೋರುವ ನಲ್ಲಿಯನ್ನು ನಿಲ್ಲಿಸುವುದು, ಚಾಳಿನ ಇಲ್ಲವೆ ಕಟ್ಟಡದ ಮಾಳಿಗೆಯ ಮಳೆನೀರನ್ನು ಹಿಡಿಯಲು ಹಿರಿಯರನ್ನು ಒತ್ತಾಯಿಸುವುದು, ನಾಲೆಗೆ ಕಸ ಎಸೆಯದಿರುವುದು ನಿಮ್ಮಿಂದ ಸಾಧ್ಯ. ರಜೆಯಲ್ಲಿ ಊರಿಗೆ ಹೋದಾಗ ಅಲ್ಲಿಯ ಅಜ್ಜನನ್ನೋ ಕಾಕಾನನ್ನೋ ಕೇಳಿ: ನಮ್ಮೂರಿನ ಹಳ್ಳದ ಹೆಸರೇನು? ಅದು ಎಲ್ಲಿ ಹುಟ್ಟಿ ಯಾವ ಹೊಳೆಯನ್ನು ಸೇರುತ್ತದೆ? ಮೊದಲು ಯಾವ ತಿಂಗಳವರೆಗೆ ಹರಿಯುತ್ತಿತ್ತು, ಈಗ ಯಾವ ತಿಂಗಳವರೆಗೆ? ಉತ್ತರಗಳನ್ನು ಒಂದು ವಹಿಯಲ್ಲಿ ಬರೆದಿಡಿರಿ. ಮುಂದೆ ನಿಮ್ಮಲ್ಲಿಯೇ ಕೆಲವರು ಇಂಜಿನಿಯರರೂ ಅಧಿಕಾರಿಗಳೂ ರೈತರೂ ಆಗಿ ನೀರನ್ನು ಹಂಚಲು ಕುಳಿತಾಗ, ಆ ಲೆಕ್ಕದಲ್ಲಿ ಮನುಷ್ಯರ ಪಾಲುಗಳ ಜೊತೆಗೆ ಇನ್ನೊಂದು ಪಾಲನ್ನೂ ಬರೆಯಲು ಮರೆಯಬೇಡಿರಿ. ಅದು ನದಿಯ ಪಾಲು. ಅದು ಉಳಿದರೆ ಮಿಕ್ಕವರ ಪಾಲುಗಳೆಲ್ಲ ಉಳಿದಾವು.